ಬಿಟಿ ಹತ್ತಿಯಲ್ಲಿ ಮತ್ತೆ ಹುಳು: ತಪ್ಪು ಜೀನಿನದೋ, ನಮ್ಮದೋ?

ಹತ್ತಿಹೊಲ:
ಎಲ್ಲರಿಗೂ ನಮಸ್ಕಾರ. ಜಗಳ ಎಬ್ಬಿಸೋಕೆ ಬಂದಿಲ್ಲ, ತಿಳ್ಕೊಳ್ಳೋಕೆ ಬರೀತಿದ್ದೀನಿ. ಬಿಟಿ ಹತ್ತಿ ಬಿತ್ತೋಕೆ ಶುರು ಮಾಡಿದ ಮೊದಲ ವರ್ಷಗಳಲ್ಲಿ ಕಾಯಿಕೊರಕಕ್ಕೆ ಔಷಧಿ ಹೊಡೆಯೋದನ್ನೇ ಮರೆತಿದ್ವಿ. ಅದಕ್ಕೆ ಮುಂಚೆ ಬೆನ್ನಿಗೆ ಪಂಪು ಕಟ್ಕೊಂಡು ಮತ್ತೆ ಮತ್ತೆ ಹೊಲಕ್ಕೆ ಇಳಿದದ್ದು, ಸಂಜೆ ತಲೆ ಸುತ್ತಿ ಮಲಗಿದ್ದು ಇನ್ನೂ ನೆನಪಿದೆ. ಈಗ ಹುಳು ವಾಪಸ್ ಬಂದಿದೆ. ಹೊರಗಿಂದ ಕಾಯಿ ಚೆನ್ನಾಗಿಯೇ ಕಾಣ್ತದೆ. ಒಡೆದು ನೋಡಿದ್ರೆ ಒಳಗೆ ಗುಲಾಬಿ ಬಣ್ಣದ ಹುಳು ಬೀಜ ತಿಂತಾ ಕೂತಿರ್ತದೆ, ಅರಳೆ ಕಂದಿ ಹೋಗಿರ್ತದೆ.

ಒಂದು ಮಾತು ಒಪ್ಕೊಳ್ಳಬೇಕು. ಮೊದಲೆಲ್ಲ ಬೀಜದ ಪೊಟ್ಟಣದ ಜೊತೆ ಒಂದು ಸಣ್ಣ ಪೊಟ್ಟಣ ಬರ್ತಿತ್ತು. ಅದು ಬಿಟಿ ಇಲ್ಲದ ಬೀಜ, ಹೊಲದ ಸುತ್ತ ಬಿತ್ತಿ ಅಂತಿದ್ರು. ಹುಳು ತಿನ್ನೋ ಗಿಡ ನಾವ್ಯಾಕೆ ಸಾಕಬೇಕು ಅಂತ ನಾನು ಬಿತ್ತಲೇ ಇಲ್ಲ. ಅಕ್ಕಪಕ್ಕದ ಹೊಲದವರೂ ಬಿತ್ತಲಿಲ್ಲ. ಈಗ ಕೇಳಿದ್ರೆ ಜೀನ್ ಸವೆದು ಹೋಗಿದೆ ಅಂತ ಒಬ್ಬರು ಹೇಳ್ತಾರೆ, ಬೀಜ ನಕಲಿ ಅಂತ ಇನ್ನೊಬ್ಬರು, ಬೇರೆ ಜೀವಿಯ ಜೀನ್ ಸೇರಿಸಿದ ಕುಲಾಂತರಿ ಬೀಜ ಅನ್ನೋದೇ ಮೋಸ ಅಂತ ಮತ್ತೊಬ್ಬರು. ಬಲ್ಲವರು ಬಿಡಿಸಿ ಹೇಳಿ. ಆ ಸಣ್ಣ ಪೊಟ್ಟಣಕ್ಕೂ ಈ ಹುಳುವಿಗೂ ಸಂಬಂಧ ಇದೆಯಾ?

ಕೀಟಲೋಕ:
ಸಂಬಂಧ ಇದೆ. ನೇರವಾದ ಸಂಬಂಧವೇ ಇದೆ. ಕೀಟಶಾಸ್ತ್ರ ಓದಿ ಅದರಲ್ಲೇ ದುಡಿದವನು ನಾನು, ಸ್ವಲ್ಪ ಉದ್ದಕ್ಕೆ ಬರೆಯುತ್ತೇನೆ, ತಾಳ್ಮೆಯಿಂದ ಓದಿ.

ಜೀನ್ ಸವೆಯುವುದಿಲ್ಲ. ನಿಮ್ಮ ಗಿಡ ಇಂದಿಗೂ ಅದೇ ವಿಷವನ್ನು ತಯಾರಿಸುತ್ತಿದೆ, ಬದಲಾಗಿರುವುದು ಹುಳು. ಬಿಟಿ ಎಂದರೆ ಬ್ಯಾಸಿಲಸ್ ತುರಿಂಜಿಯೆನ್ಸಿಸ್ ಎಂಬ ಮಣ್ಣಿನ ಬ್ಯಾಕ್ಟೀರಿಯಾ. 1901ರಲ್ಲಿ ಜಪಾನಿನ ಇಶಿವಾತಾ ರೇಷ್ಮೆಹುಳುಗಳು ಸಾಯುವುದೇಕೆ ಎಂದು ಹುಡುಕುವಾಗ ಇದನ್ನು ಕಂಡರು. 1911ರಲ್ಲಿ ಜರ್ಮನಿಯ ಎರ್ನ್‌ಸ್ಟ್ ಬರ್ಲಿನರ್ ಹಿಟ್ಟಿನ ಪತಂಗದ ಮರಿಯಲ್ಲಿ ಅದನ್ನೇ ಕಂಡು, ಆ ಪತಂಗ ಸಿಕ್ಕ ತುರಿಂಜಿಯಾ ಪ್ರದೇಶದ ಹೆಸರಿಟ್ಟರು. 1938ರ ಹೊತ್ತಿಗೆ ಫ್ರಾನ್ಸಿನಲ್ಲಿ ಇದೇ ಬ್ಯಾಕ್ಟೀರಿಯಾ ಸಿಂಪಡಿಸುವ ಪುಡಿಯಾಗಿ ಮಾರಾಟಕ್ಕೆ ಬಂದಿತ್ತು. ಇಂದಿಗೂ ಸಾವಯವ ಕೃಷಿಕರು ಸಿಂಪಡಿಸುವುದು ಇದನ್ನೇ.

ಈ ಬ್ಯಾಕ್ಟೀರಿಯಾ ಒಂದು ಪ್ರೋಟೀನಿನ ಹರಳು ಕಟ್ಟುತ್ತದೆ. ಆ ಪ್ರೋಟೀನ್ ತಯಾರಿಸುವ ಜೀನನ್ನು ಹತ್ತಿಗೆ ಸೇರಿಸಿದ್ದೇ ಬಿಟಿ ಹತ್ತಿ. ಹುಳುವಿನ ಕರುಳಿನ ರಸ ಕ್ಷಾರೀಯ, ಅದರಲ್ಲಿ ಹರಳು ಕರಗುತ್ತದೆ. ಕರಗಿದ ಪ್ರೋಟೀನನ್ನು ಹುಳುವಿನ ಜೀರ್ಣರಸವೇ ಕತ್ತರಿಸಿ ಚುರುಕುಗೊಳಿಸುತ್ತದೆ. ಆಮೇಲೆ ಅದು ಕರುಳಿನ ಗೋಡೆಯ ಮೇಲಿರುವ ನಿರ್ದಿಷ್ಟ ಗ್ರಾಹಕಗಳಿಗೆ ಅಂಟಿಕೊಂಡು ರಂಧ್ರ ಕೊರೆಯುತ್ತದೆ. ಹುಳು ಮೇವು ಬಿಡುತ್ತದೆ, ಒಂದೆರಡು ದಿನದಲ್ಲಿ ಸಾಯುತ್ತದೆ. ಗ್ರಾಹಕ ಬೀಗವಿದ್ದಂತೆ, ಪ್ರೋಟೀನು ಬೀಗದ ಕೈ ಇದ್ದಂತೆ. ಕೋಟ್ಯಂತರ ಹುಳುಗಳಲ್ಲಿ ಎಲ್ಲೋ ಒಂದಕ್ಕೆ ಹುಟ್ಟಿನಿಂದಲೇ ಬೀಗ ಕೊಂಚ ಬೇರೆಯಾಗಿರುತ್ತದೆ. ಬಿಟಿ ಬರುವ ಮೊದಲೂ ಅಂಥ ಹುಳು ಇತ್ತು, ಆದರೆ ಆಗ ಅದರಿಂದ ಅದಕ್ಕೇನೂ ಲಾಭವಿರಲಿಲ್ಲ.

ಈಗ ಲೆಕ್ಕ ನೋಡಿ. ಬಿಟಿಗೆ ಬಗ್ಗದ ಗುಣ ಸಾಮಾನ್ಯವಾಗಿ ಅಪ್ಪ, ಅಮ್ಮ ಇಬ್ಬರಿಂದಲೂ ಬಂದರೆ ಮಾತ್ರ ಕೆಲಸ ಮಾಡುತ್ತದೆ. ಹುಳುಗಳಲ್ಲಿರುವ ಆ ಜೀನಿನ ಸಾವಿರ ಪ್ರತಿಗಳಲ್ಲಿ ಒಂದು ಮಾತ್ರ ಬಿಟಿಗೆ ಬಗ್ಗದ್ದು ಎಂದುಕೊಳ್ಳಿ. ಎರಡೂ ಕಡೆಯಿಂದ ಅದು ಬರುವ ಸಾಧ್ಯತೆ ಹತ್ತು ಲಕ್ಷಕ್ಕೆ ಒಂದು. ಅಂದರೆ ಬಿಟಿ ಹೊಲದಲ್ಲಿ ಹತ್ತು ಲಕ್ಷ ಮರಿಹುಳು ಹುಟ್ಟಿದರೆ ಬದುಕುವುದು ಒಂದು. ಇಡೀ ಸೀಮೆಯೇ ಬಿಟಿಯಾಗಿದ್ದರೆ ಹಾಗೆ ಬದುಕಿದ ಪತಂಗಕ್ಕೆ ಸಿಗುವ ಜೋಡಿಯೂ ಬದುಕುಳಿದ ಇನ್ನೊಂದು ಪತಂಗವೇ. ಅವುಗಳ ಮರಿಗಳೆಲ್ಲ ಬಿಟಿಯನ್ನು ಅರಗಿಸಿಕೊಳ್ಳುತ್ತವೆ. ಪಕ್ಕದಲ್ಲಿ ಬಿಟಿ ಇಲ್ಲದ ಕೆಲವು ಸಾಲು ಇದ್ದರೆ? ಅಲ್ಲಿಂದ ಸಾಮಾನ್ಯ ಪತಂಗಗಳು ನೂರಾರು ಸಂಖ್ಯೆಯಲ್ಲಿ ಹಾರುತ್ತವೆ, ಆ ಒಂದು ಪತಂಗ ಅವುಗಳಲ್ಲೊಂದರ ಜೊತೆ ಕೂಡುತ್ತದೆ. ಹುಟ್ಟುವ ಮರಿಗಳಿಗೆ ಆ ಗುಣ ಒಂದೇ ಕಡೆಯಿಂದ ಬಂದಿರುತ್ತದೆ, ಹಾಗಾಗಿ ಬಿಟಿ ಗಿಡ ತಿಂದರೆ ಅವು ಸಾಯುತ್ತವೆ. ಬದುಕಿದ ಒಂದು ಪತಂಗಕ್ಕೆ ಐನೂರು ಸಾಮಾನ್ಯ ಪತಂಗಗಳು ಸುತ್ತಮುತ್ತ ಇರಲಿ ಎಂಬುದು ಅಮೆರಿಕದಲ್ಲಿ ಈ ನಿಯಮ ರೂಪಿಸಿದವರ ಅಂದಾಜು.

ಆ ಸಾಲುಗಳನ್ನೇ ಆಶ್ರಯ ಬೆಳೆ ಎನ್ನುವುದು. ನೀವು ಬಿತ್ತದೆ ಬಿಟ್ಟ ಸಣ್ಣ ಪೊಟ್ಟಣ ಅದೇ. ಭಾರತದಲ್ಲಿ 450 ಗ್ರಾಂ ಬಿಟಿ ಬೀಜದ ಜೊತೆ 120 ಗ್ರಾಂ ಬಿಟಿಯಲ್ಲದ ಬೀಜ ಕೊಡುತ್ತಿದ್ದರು. ಐದು ಸಾಲು ಸುತ್ತ ಬಿತ್ತಬೇಕು, ಇಲ್ಲವೇ ಹೊಲದ ಶೇಕಡ 20ರಷ್ಟು ಜಾಗ ಬಿಡಬೇಕು, ಯಾವುದು ಹೆಚ್ಚೋ ಅದು ಎಂಬ ನಿಯಮವಿತ್ತು. ಈಚೆಗೆ ಎರಡೂ ಬೀಜವನ್ನು ಒಂದೇ ಪೊಟ್ಟಣದಲ್ಲಿ ಬೆರೆಸಿ ಕೊಡುವ ಪದ್ಧತಿ ಬಂದಿದೆ. ಬಹುಪಾಲು ರೈತರು ಬಿತ್ತದೇ ಹೋದದ್ದರಿಂದಲೇ ಹಾಗೆ ಮಾಡಬೇಕಾಯಿತು.

ಹತ್ತಿಹೊಲ:
ಇದನ್ನು ಆವತ್ತೇ ಯಾರಾದ್ರೂ ಹೀಗೆ ಹೇಳಿದ್ರೆ ಬಿತ್ತಿರ್ತಿದ್ದೆ. ಪೊಟ್ಟಣದ ಮೇಲೆ ಸುತ್ತ ಬಿತ್ತಿ ಅಂತ ಇತ್ತೇ ಹೊರತು ಯಾಕೆ ಅಂತ ಇರಲಿಲ್ಲ. ಇನ್ನೊಂದು ಕೇಳ್ತೀನಿ. ಹಸಿರು ಕಾಯಿಕೊರಕ ಅಷ್ಟಾಗಿ ಬರ್ತಿಲ್ಲ, ಗುಲಾಬಿದೇ ಯಾಕೆ ಹೆಚ್ಚು?

ಕೀಟಲೋಕ:
ತುಂಬ ಒಳ್ಳೆಯ ಪ್ರಶ್ನೆ. ಹಸಿರು ಕಾಯಿಕೊರಕ ತೊಗರಿ, ಕಡಲೆ, ಟೊಮೇಟೊ, ಸೂರ್ಯಕಾಂತಿ ಎಲ್ಲವನ್ನೂ ತಿನ್ನುತ್ತದೆ. ಆ ಬೆಳೆಗಳಲ್ಲಿ ಬಿಟಿ ಇಲ್ಲ. ನೀವು ಸಾಲು ಬಿಡದಿದ್ದರೂ ಸುತ್ತಲಿನ ತೊಗರಿ, ಕಡಲೆ ಹೊಲಗಳೇ ಅದಕ್ಕೆ ಆಶ್ರಯವಾದವು, ಸಾಮಾನ್ಯ ಪತಂಗಗಳು ಅಲ್ಲಿಂದ ಬರುತ್ತಲೇ ಇದ್ದವು. ಗುಲಾಬಿ ಕಾಯಿಕೊರಕಕ್ಕೆ ಹೆಚ್ಚುಕಡಿಮೆ ಹತ್ತಿಯೊಂದೇ ಆಹಾರ. ದೇಶದ ಹತ್ತಿಯಲ್ಲಿ ಶೇಕಡ 90ಕ್ಕೂ ಹೆಚ್ಚು ಬಿಟಿ ಆದಾಗ ಬಿಟಿ ಮುಟ್ಟದೆ ಬದುಕಲು ಅದಕ್ಕೆ ಜಾಗವೇ ಉಳಿಯಲಿಲ್ಲ. ಉಳಿದದ್ದು ಬಿಟಿ ತಿಂದು ಬದುಕಬಲ್ಲ ಹುಳು ಮಾತ್ರ.

2002ರಲ್ಲಿ ಒಂದು ಜೀನಿನ ಬಿಟಿ ಹತ್ತಿಗೆ ಭಾರತ ಒಪ್ಪಿಗೆ ಕೊಟ್ಟಿತು, 2006ರಲ್ಲಿ ಎರಡು ಜೀನಿನದು ಬಂತು. 2010ರಷ್ಟರಲ್ಲೇ ಗುಜರಾತಿನಲ್ಲಿ ಗುಲಾಬಿ ಹುಳು ಮೊದಲನೆಯ ಜೀನನ್ನು ಗೆದ್ದಿರುವುದು ಬಹಿರಂಗವಾಯಿತು. ಇನ್ನೊಂದು ನಾಲ್ಕೈದು ವರ್ಷದಲ್ಲಿ ಎರಡನ್ನೂ ಗೆದ್ದಿತು. ಎರಡು ಜೀನಿನ ಉಪಾಯ ನಿಂತಿದ್ದೇ ಒಂದನ್ನು ತಪ್ಪಿಸಿಕೊಂಡ ಹುಳುವನ್ನು ಇನ್ನೊಂದು ಹಿಡಿಯುತ್ತದೆ ಎಂಬ ಲೆಕ್ಕದ ಮೇಲೆ. ಮೊದಲನೆಯದು ಸೋಲುತ್ತಿರುವಾಗಲೇ ಎರಡನೆಯದನ್ನು ಸೇರಿಸಿದರೆ ಆ ಲೆಕ್ಕ ನಿಲ್ಲುವುದಿಲ್ಲ.

ದೇಸಿಬೀಜ:
ಕೀಟಲೋಕ ಅವರ ವಿವರಣೆ ಸ್ಪಷ್ಟವಾಗಿದೆ, ವಂದನೆ. ಆದರೆ ಇಡೀ ಹೊಣೆಯನ್ನು ಸಣ್ಣ ಪೊಟ್ಟಣ ಬಿತ್ತದ ರೈತನ ತಲೆಗೆ ಕಟ್ಟುವುದನ್ನು ನಾನು ಒಪ್ಪುವುದಿಲ್ಲ.

ಎರಡೂವರೆ ಎಕರೆ ಇರುವವನಿಗೆ ಐದನೇ ಒಂದು ಭಾಗವನ್ನು ಹುಳುವಿಗೆ ಬಿಡು ಎಂದು ಹೇಳಿದವರು, ಆ ನಷ್ಟ ಯಾರು ತುಂಬಬೇಕು ಎಂದು ಯೋಚಿಸಿದ್ದರೇ? ಲಾಭ ಎಲ್ಲರದು, ನಷ್ಟ ಒಬ್ಬನದು ಎಂದಾದರೆ ಯಾವ ನಿಯಮವೂ ಹೊಲಕ್ಕೆ ಇಳಿಯುವುದಿಲ್ಲ. ಅದು ಬೀಜ ಮಾರುವ ಮೊದಲೇ ಗೊತ್ತಿರಬೇಕಾದ ಸಂಗತಿ.

ಎರಡನೆಯದು, ಹೈಬ್ರಿಡ್. ಅಮೆರಿಕ, ಆಸ್ಟ್ರೇಲಿಯಾಗಳಲ್ಲಿ ಬಿಟಿ ಜೀನನ್ನು ಸಾಮಾನ್ಯ ತಳಿಗಳಲ್ಲೇ ಹಾಕಿದರು. ಇಲ್ಲಿ ಬಂದದ್ದು ಹೆಚ್ಚುಕಡಿಮೆ ಎಲ್ಲ ಹೈಬ್ರಿಡ್, ಅಂದರೆ ಎರಡು ತಳಿ ಕೂಡಿಸಿ ಪಡೆದ, ವರ್ಷ ವರ್ಷವೂ ಕೊಳ್ಳಲೇಬೇಕಾದ ಬೀಜ. ಹೈಬ್ರಿಡ್ ಗಿಡಕ್ಕೆ ಜೀನ್ ಒಂದು ಕಡೆಯಿಂದ ಮಾತ್ರ ಬಂದಿರುವಾಗ ಅದರ ಕಾಯಿಯೊಳಗಿನ ಬೀಜಗಳಲ್ಲಿ ನಾಲ್ಕರಲ್ಲಿ ಒಂದಕ್ಕೆ ವಿಷವೇ ಇರುವುದಿಲ್ಲ. ಗುಲಾಬಿ ಹುಳು ತಿನ್ನುವುದೇ ಬೀಜವನ್ನು. ಒಂದೇ ಕಾಯಿಯಲ್ಲಿ ವಿಷದ ಬೀಜ, ವಿಷವಿಲ್ಲದ ಬೀಜ ಪಕ್ಕಪಕ್ಕ ಇದ್ದರೆ ಅದು ಹುಳುವಿಗೆ ಅಭ್ಯಾಸ ಮಾಡಿಸಿದಂತೆ. ಹತ್ತಿ ವಿಜ್ಞಾನಿಗಳೇ ಈ ಎಚ್ಚರಿಕೆ ಕೊಟ್ಟಿದ್ದಾರೆ.

ಮೂರನೆಯದು, ಒಂದು ಹುಳು ಹೋದರೆ ಇನ್ನೊಂದು ಬರುತ್ತದೆ. ಚೀನಾದ ಉತ್ತರ ಭಾಗದಲ್ಲಿ ಬಿಟಿ ಹತ್ತಿಗೆ ಔಷಧಿ ಕಡಿಮೆಯಾದ ಮೇಲೆ ರಸ ಹೀರುವ ಮಿರಿಡ್ ತಿಗಣೆಗಳು ಹೆಚ್ಚಿ, ಹತ್ತಿಯಿಂದ ಹಣ್ಣಿನ ತೋಟಗಳಿಗೂ ಹರಡಿದವು. 2010ರಲ್ಲಿ ಅದರ ಅಧ್ಯಯನ ಪ್ರಕಟವಾಗಿದೆ. ಮಣ್ಣು, ಹುಳು, ಗಿಡ ಎಲ್ಲ ಒಂದಕ್ಕೊಂದು ಹೆಣೆದುಕೊಂಡಿರುವಾಗ ಒಂದು ಎಳೆಯನ್ನು ಎಳೆದರೆ ಇನ್ನೆಲ್ಲೋ ಬಿಗಿಯುತ್ತದೆ.

ಕೀಟಲೋಕ:
ಮೂರೂ ಮಾತು ಸರಿ. ರೈತನ ಮೇಲೆ ಹೊರಿಸಿದಂತೆ ಕೇಳಿಸಿದ್ದರೆ ಕ್ಷಮಿಸಿ, ನನ್ನ ಉದ್ದೇಶ ಅದಾಗಿರಲಿಲ್ಲ. ಒಂದೇ ತಿದ್ದುಪಡಿ. ಹುಳುವಿಗೆ ಅಭ್ಯಾಸವಾಗುವುದಿಲ್ಲ, ಅರೆಬರೆ ವಿಷ ತಿಂದೂ ಬದುಕಬಲ್ಲವು ಉಳಿದು ಸಂತಾನ ಬೆಳೆಸುತ್ತವೆ. ಗುಣ ಒಂದೇ ಕಡೆಯಿಂದ ಬಂದ ಹುಳುಗಳಿಗೂ ಬದುಕುವ ದಾರಿ ಸಿಗುತ್ತದೆ, ನಾನು ಮೇಲೆ ಹೇಳಿದ ಲೆಕ್ಕ ಅಲ್ಲಿಗೆ ಕೆಡುತ್ತದೆ.

ಇದಕ್ಕೆ ಹೊಂದಿಕೊಂಡೇ ಚೀನಾದ ಇನ್ನೊಂದು ಕಥೆ ಇದೆ, ನನಗೆ ಬಹಳ ಇಷ್ಟವಾದದ್ದು. ಯಾಂಗ್ಟ್ಸೆ ನದಿ ಕಣಿವೆಯಲ್ಲೂ ಗುಲಾಬಿ ಹುಳು ಬಿಟಿಗೆ ಒಗ್ಗತೊಡಗಿತ್ತು. ಅಲ್ಲಿನ ಬೀಜ ಕಂಪನಿಗಳು ಬಿಟಿ ತಳಿಯನ್ನು ಬಿಟಿಯಲ್ಲದ ತಳಿಯೊಡನೆ ಕೂಡಿಸಿ, ಹುಟ್ಟಿದ ಹೈಬ್ರಿಡ್‌ನ ಮುಂದಿನ ಪೀಳಿಗೆಯ ಬೀಜವನ್ನೇ ರೈತರಿಗೆ ಮಾರತೊಡಗಿದವು. ಅಂಥ ಬೀಜ ಬಿತ್ತಿದರೆ ಹೊಲದ ನಾಲ್ಕು ಗಿಡದಲ್ಲಿ ಒಂದು ಬಿಟಿ ಇಲ್ಲದ್ದು. ಯಾರೂ ಆಶ್ರಯ ಬೆಳೆ ಎಂದು ಯೋಚಿಸಿ ಮಾಡಿದ್ದಲ್ಲ. ಆದರೆ ಇಡೀ ಗಿಡವೇ ಬಿಟಿ ಇಲ್ಲದ್ದಾದ್ದರಿಂದ ಅದು ಆಶ್ರಯವಾಗಿ ಕೆಲಸ ಮಾಡಿತು, ಒಗ್ಗಿದ ಹುಳುಗಳ ಪಾಲು ಕೆಲವೇ ವರ್ಷದಲ್ಲಿ ಇಳಿಯಿತು. 2017ರಲ್ಲಿ ಇದು ಪ್ರಕಟವಾಯಿತು. ಒಗ್ಗಿಕೊಂಡ ಹುಳುವನ್ನು ಮತ್ತೆ ಹಿಂದಕ್ಕೆ ತರಬಹುದು ಎಂಬುದಕ್ಕೆ ಹೊಲದಲ್ಲೇ ಸಿಕ್ಕ ಸಾಕ್ಷಿ ಅದು.

ಮೋಡಮುಸುಕು:
ಆಸ್ಟ್ರೇಲಿಯಾದ ಹತ್ತಿ ಬಗ್ಗೆ ಒಂದಷ್ಟು ಓದಿಕೊಂಡಿದ್ದೇನೆ, ಸೇರಿಸುತ್ತೇನೆ. 1996ರಲ್ಲಿ ಒಂದು ಜೀನಿನ ಬಿಟಿ ಹತ್ತಿ ಬಂದಾಗ ಒಟ್ಟು ಹತ್ತಿಯ ಶೇಕಡ 30ಕ್ಕಿಂತ ಹೆಚ್ಚು ಬಿತ್ತಬಾರದು ಎಂದು ಮಿತಿ ಹಾಕಿದರು. ಎರಡು ಜೀನಿನದು ಬಂದ ಮೇಲೆ ಹಳೆಯದನ್ನು ಪೂರ್ತಿ ತೆಗೆದರು, ಎರಡನ್ನೂ ಜೊತೆಯಲ್ಲಿ ಇಟ್ಟುಕೊಳ್ಳಲಿಲ್ಲ. ಆಶ್ರಯ ಬೆಳೆಯಾಗಿ ಅವರು ಬಿತ್ತಿದ್ದು ಹೆಚ್ಚಾಗಿ ತೊಗರಿ! ಹಸಿರು ಕಾಯಿಕೊರಕಕ್ಕೆ ತೊಗರಿ ಹೂ ಅಚ್ಚುಮೆಚ್ಚು, ಹಾಗಾಗಿ ಸ್ವಲ್ಪ ಜಾಗದಲ್ಲೇ ಬೇಕಾದಷ್ಟು ಪತಂಗ ಹುಟ್ಟುತ್ತವೆ. ಕೊಯ್ಲಾದ ಮೇಲೆ ನೆಲ ಉತ್ತು, ಮಣ್ಣಿನಲ್ಲಿ ಅಡಗಿದ ಹುಳುವಿನ ಕೋಶಗಳನ್ನು (ಪ್ಯೂಪಾ) ಕೆಡಿಸಬೇಕೆಂಬ ನಿಯಮವೂ ಇತ್ತು. ಜೀನ್ ಒಂದೇ ಜಾತಿಯದು, ನಡೆಸಿದ ರೀತಿ ಮಾತ್ರ ಬೇರೆ.

ದೇಸಿಬೀಜ:
ಅಲ್ಲಿ ರೈತರು ಕಡಿಮೆ, ಹಿಡುವಳಿ ದೊಡ್ಡದು, ತಪಾಸಣೆ ಸುಲಭ. ಲಕ್ಷಾಂತರ ಸಣ್ಣ ಹೊಲಗಳಿರುವ ಕಡೆ ಅದೇ ನಿಯಮ ನಡೆಯದು ಎಂಬುದು ಮೊದಲೇ ಕಾಣಬೇಕಿತ್ತು.

ಮೋಡಮುಸುಕು:
ಹೌದು, ಅದನ್ನು ತಳ್ಳಿಹಾಕಲಾರೆ.

ಎಲೆಚುಕ್ಕೆ:
ಹತ್ತಿಯೊಂದರಿಂದಲೇ ಕುಲಾಂತರಿಯ ತೀರ್ಪು ಕೊಡಬಾರದು ಎಂದು ಬರೆಯುತ್ತಿದ್ದೇನೆ. ನಾನು ಸಸ್ಯರೋಗಗಳ ಬಗ್ಗೆ ಪಾಠ ಮಾಡುವವಳು. ಪಪ್ಪಾಯದ ಉಂಗುರ ಚುಕ್ಕೆ ವೈರಸ್ ಬಂದ ತೋಟ ನೋಡಿದವರಿಗೆ ಗೊತ್ತು, ಗಿಡ ಕಣ್ಣೆದುರೇ ಬಡಕಲಾಗುತ್ತಾ ಹೋಗುತ್ತದೆ, ಔಷಧಿ ಇಲ್ಲ.

ಹವಾಯಿಯಲ್ಲಿ ಪಪ್ಪಾಯದ ಬಹುಪಾಲು ಬೆಳೆಯುತ್ತಿದ್ದುದು ಪುನಾ ಎಂಬ ಜಿಲ್ಲೆಯಲ್ಲಿ. 1992ರಲ್ಲಿ ವೈರಸ್ ಅಲ್ಲಿಗೆ ಕಾಲಿಟ್ಟಿತು. ಹವಾಯಿಯಲ್ಲೇ ಹುಟ್ಟಿ ಕಾರ್ನೆಲ್ ವಿಶ್ವವಿದ್ಯಾಲಯದಲ್ಲಿದ್ದ ಡೆನ್ನಿಸ್ ಗೊನ್ಸಾಲ್ವೆಸ್ ಮತ್ತು ಜೊತೆಗಾರರು, ವೈರಸ್ಸಿನ ಹೊದಿಕೆ ಪ್ರೋಟೀನಿನ ಜೀನನ್ನೇ ಪಪ್ಪಾಯಕ್ಕೆ ಸೇರಿಸುವ ಕೆಲಸವನ್ನು ಅದಕ್ಕೂ ವರ್ಷಗಳ ಮೊದಲೇ ಶುರು ಮಾಡಿದ್ದರು. ವೈರಸ್ಸಿನ ಒಂದು ತುಣುಕನ್ನು ಗಿಡ ಮೊದಲೇ ಗುರುತು ಹಿಡಿದಿಟ್ಟುಕೊಂಡರೆ, ನಿಜವಾದ ವೈರಸ್ ಬಂದಾಗ ಅದರ ಆರ್‌ಎನ್‌ಎಯನ್ನು, ಅಂದರೆ ವೈರಸ್ಸಿನ ಆನುವಂಶಿಕ ಎಳೆಯನ್ನು, ಕತ್ತರಿಸಿ ಹಾಕುತ್ತದೆ. 1998ರಲ್ಲಿ ಸನ್‌ಅಪ್, ರೇನ್‌ಬೋ ಎಂಬ ತಳಿಗಳ ಬೀಜವನ್ನು ಬೆಳೆಗಾರರಿಗೆ ಮೊದಲು ಉಚಿತವಾಗಿಯೇ ಹಂಚಿದರು. ಪುನಾದ ತೋಟಗಳು ಮತ್ತೆ ಎದ್ದವು.

ಇದು ದೈತ್ಯ ಬೀಜ ಕಂಪನಿ ಮಾರಿದ ಸರಕಲ್ಲ, ಔಷಧಿಯ ವ್ಯಾಪಾರ ಇರಲಿಲ್ಲ. ಆದರೂ ತೊಡಕಿಲ್ಲ ಎನ್ನಲಾರೆ. ಸೇರಿಸಿದ್ದು ಹವಾಯಿಯ ವೈರಸ್ಸಿನ ತುಣುಕು, ಬೇರೆ ದೇಶಗಳ ಹಲವು ಬಗೆಯ ವೈರಸ್ಸಿಗೆ ಅದು ನಿಲ್ಲುವುದಿಲ್ಲ. ಜಪಾನಿನ ಮಾರುಕಟ್ಟೆ ಈ ಹಣ್ಣಿಗೆ ತೆರೆದದ್ದು 2011ರ ಕೊನೆಗೆ. ಕುಲಾಂತರಿ ಬೇಡವೆನ್ನುವ ಪಕ್ಕದ ತೋಟದವರಿಗೆ ಪರಾಗದ ಚಿಂತೆ ಇದ್ದೇ ಇತ್ತು, ಅದನ್ನು ಕಡೆಗಣಿಸುವುದು ನ್ಯಾಯವಲ್ಲ.

ಕಳೆಗುದ್ದಲಿ:
ಹಾಗೆ ನೋಡಿದರೆ ಜಗತ್ತಿನ ಕುಲಾಂತರಿ ಬೆಳೆಯಲ್ಲಿ ದೊಡ್ಡ ಪಾಲು ಹುಳುವಿಗೂ ವೈರಸ್ಸಿಗೂ ಸಂಬಂಧಪಟ್ಟದ್ದಲ್ಲ, ಕಳೆನಾಶಕಕ್ಕೆ ಸಂಬಂಧಪಟ್ಟದ್ದು. ನನ್ನ ತಕರಾರು ಇರುವುದು ಅಲ್ಲಿ. ಗ್ಲೈಫೋಸೇಟ್ ಹೊಡೆದರೆ ಹಸಿರಾಗಿರುವುದೆಲ್ಲ ಸಾಯುತ್ತದೆ, ಜೀನ್ ಸೇರಿಸಿದ ಸೋಯಾ, ಹತ್ತಿ, ಮೆಕ್ಕೆಜೋಳ ಮಾತ್ರ ಉಳಿಯುತ್ತವೆ. 1996ರಿಂದ ಅಮೆರಿಕದಲ್ಲಿ ಲಕ್ಷಾಂತರ ಎಕರೆಗೆ ವರ್ಷ ವರ್ಷವೂ ಅದೊಂದನ್ನೇ ಹೊಡೆದರು. ಬೇರೆ ಕಳೆನಾಶಕ ಬಿಟ್ಟರು, ಉಳುಮೆ ಕಡಿಮೆ ಮಾಡಿದರು.

ಅಲ್ಲಿ ಪಾಮರ್ ಅಮರಂತ್ ಎಂಬ ಕಳೆ ಇದೆ, ಹರಿವೆ, ದಂಟಿನ ಕುಲದ್ದೇ. ಒಂದು ಹೆಣ್ಣು ಗಿಡ ಲಕ್ಷಗಟ್ಟಲೆ ಬೀಜ ಉದುರಿಸುತ್ತದೆ. 2004ರ ಹೊತ್ತಿಗೆ ಜಾರ್ಜಿಯಾದ ಹತ್ತಿ ಹೊಲದಲ್ಲಿ ಗ್ಲೈಫೋಸೇಟ್ ಹೊಡೆದರೂ ಸಾಯದ ಗಿಡ ಸಿಕ್ಕಿತು. ಅದರ ಉಪಾಯ ನೋಡಿ ನಾನು ಬೆರಗಾದೆ. ಗ್ಲೈಫೋಸೇಟ್ ಹೊಡೆತ ಕೊಡುವುದು ಒಂದು ಕಿಣ್ವಕ್ಕೆ. ಈ ಗಿಡ ಆ ಕಿಣ್ವದ ಜೀನಿನ ಪ್ರತಿಗಳನ್ನೇ ಹೆಚ್ಚಿಸಿಕೊಂಡಿದೆ, ಕೆಲವು ಗಿಡಗಳಲ್ಲಿ ನೂರಕ್ಕೂ ಹೆಚ್ಚು ಪ್ರತಿಗಳು. ಕಿಣ್ವ ಅಷ್ಟು ಇದ್ದರೆ ಔಷಧಿ ಎಷ್ಟನ್ನು ಕಟ್ಟಿಹಾಕೀತು? ಅದಕ್ಕೆ ಉತ್ತರವಾಗಿ ಡೈಕಾಂಬಾ ಎಂಬ ಹಳೆಯ ಕಳೆನಾಶಕ ತಾಳುವ ಸೋಯಾ ತಂದರು. ಆ ಔಷಧಿ ಆವಿಯಾಗಿ ಗಾಳಿಯಲ್ಲಿ ತೇಲಿ, 2017ರಲ್ಲಿ ಆ ಜೀನ್ ಇಲ್ಲದ ಲಕ್ಷಾಂತರ ಎಕರೆ ಸೋಯಾ ಎಲೆ ಮುದುಡಿತು. ಪಕ್ಕದವನ ಬೀಜದ ಆಯ್ಕೆ ನನ್ನ ಹೊಲವನ್ನು ಹಾಳು ಮಾಡಿದರೆ ಅದನ್ನು ಅವನ ಸ್ವಾತಂತ್ರ್ಯ ಎನ್ನಲು ನನಗೆ ಮನಸ್ಸು ಬರುವುದಿಲ್ಲ.

ಬಿಟಿ ಮತ್ತು ಇದನ್ನು ಒಂದೇ ಹೆಸರಿನಿಂದ ಕರೆದು ಬೇಕು, ಬೇಡ ಎಂದು ವಾದಿಸುವುದು ದಾರಿ ತಪ್ಪಿಸುತ್ತದೆ. ಬಿಟಿ ಔಷಧಿಯನ್ನು ಕಡಿಮೆ ಮಾಡಲು ಬಂದದ್ದು, ಇದು ಔಷಧಿಯ ಜೊತೆಗೇ ಮಾರಾಟವಾಗುವಂಥದ್ದು.

ಅಂಗಳ:
ಇಲ್ಲಿಯವರೆಗೆ ಎಲ್ಲರೂ ಹೊಲದ ಬಗ್ಗೆಯೇ ಬರೆದಿದ್ದೀರಿ. ನಾನು ಬೆಳೆಯುವವಳಲ್ಲ, ತಿನ್ನುವವಳು. ಮನೆಯಲ್ಲಿ ಚಿಕ್ಕ ಮಕ್ಕಳಿದ್ದಾರೆ. ಹುಳು ಸಾಯುವುದನ್ನು ನಾವು ತಿಂದರೆ ಏನೂ ಆಗುವುದಿಲ್ಲವೇ? ಇಲಿಗಳಿಗೆ ಗಡ್ಡೆ ಬಂದ ಚಿತ್ರ ಹರಿದಾಡಿತ್ತಲ್ಲ, ಅದು ಸುಳ್ಳೇ?

ಎಲೆಚುಕ್ಕೆ:
ಭಯಪಡುವುದರಲ್ಲಿ ತಪ್ಪೇನಿಲ್ಲ, ಕೇಳಿದ್ದು ಒಳ್ಳೆಯದಾಯಿತು.

ಆ ಇಲಿಗಳ ಅಧ್ಯಯನ 2012ರಲ್ಲಿ ಫ್ರಾನ್ಸಿನ ಸೆರಾಲಿನಿ ತಂಡದ್ದು. ಬಳಸಿದ್ದು ವಯಸ್ಸಾದಂತೆ ತಾನಾಗಿಯೇ ಗಡ್ಡೆ ಬರುವ ತಳಿಯ ಇಲಿ, ಒಂದೊಂದು ಗುಂಪಿನಲ್ಲಿ ಹತ್ತೇ ಹತ್ತು. ಕುಲಾಂತರಿ ತಿಂದದ್ದರಿಂದಲೇ ಗಡ್ಡೆ ಬಂತೆಂದು ಅಷ್ಟರಿಂದ ಹೇಳಲಾಗದು. ಪ್ರಕಟಿಸಿದ ಪತ್ರಿಕೆಯೇ 2013ರಲ್ಲಿ ಅದನ್ನು ಹಿಂದಕ್ಕೆ ಪಡೆಯಿತು, ಮರುವರ್ಷ ಬೇರೊಂದು ಪತ್ರಿಕೆ ಮತ್ತೆ ಅಚ್ಚು ಹಾಕಿತು. ಅಮೆರಿಕದ ರಾಷ್ಟ್ರೀಯ ವಿಜ್ಞಾನ ಅಕಾಡೆಮಿಗಳು 900ಕ್ಕೂ ಹೆಚ್ಚು ಅಧ್ಯಯನಗಳನ್ನು ಜಾಲಾಡಿ 2016ರಲ್ಲಿ ವರದಿ ಕೊಟ್ಟವು. ಮಾರುಕಟ್ಟೆಯಲ್ಲಿರುವ ಕುಲಾಂತರಿ ಆಹಾರ ಸಾಮಾನ್ಯ ಆಹಾರಕ್ಕಿಂತ ಹೆಚ್ಚು ಅಪಾಯಕಾರಿ ಎಂಬುದಕ್ಕೆ ಗಟ್ಟಿ ಪುರಾವೆ ಅವರಿಗೆ ಸಿಗಲಿಲ್ಲ. ಬಿಟಿ ಪ್ರೋಟೀನಿನ ಮಟ್ಟಿಗೆ, ನಮ್ಮ ಹೊಟ್ಟೆ ಆಮ್ಲೀಯ, ನಮ್ಮ ಕರುಳಲ್ಲಿ ಆ ಗ್ರಾಹಕಗಳಿಲ್ಲ. ಕೀಟಲೋಕ ಅವರ ಮಾತಿನಲ್ಲಿ ಹೇಳುವುದಾದರೆ ಬೀಗವೇ ಇಲ್ಲ.

ಹಾಗೆಂದು ಮುಂದೆ ಬರುವ ಪ್ರತಿಯೊಂದಕ್ಕೂ ಇದೇ ಮಾತು ಅನ್ವಯಿಸುವುದಿಲ್ಲ. ಸೋಯಾದ ಪೌಷ್ಟಿಕತೆ ಹೆಚ್ಚಿಸಲು ಬ್ರೆಜಿಲ್ ಕಾಯಿಯ ಜೀನ್ ಸೇರಿಸಿದಾಗ, ಆ ಕಾಯಿಯ ಅಲರ್ಜಿ ಇದ್ದವರ ರಕ್ತ ಈ ಸೋಯಾಕ್ಕೂ ಪ್ರತಿಕ್ರಿಯಿಸಿತು. 1996ರಲ್ಲಿ ಅದು ಪ್ರಕಟವಾಯಿತು, ಆ ಸೋಯಾ ಮಾರುಕಟ್ಟೆಗೆ ಬರಲೇ ಇಲ್ಲ. ಪರೀಕ್ಷೆ ಮಾಡಿದ್ದರಿಂದ ಸಿಕ್ಕಿಬಿತ್ತು. 2000ದಲ್ಲಿ ಸ್ಟಾರ್‌ಲಿಂಕ್ ಎಂಬ ಮೆಕ್ಕೆಜೋಳ, ದನದ ಮೇವಿಗೆ ಮಾತ್ರ ಎಂದು ಒಪ್ಪಿಗೆ ಪಡೆದದ್ದು, ಅಮೆರಿಕದಲ್ಲಿ ಜನರ ಆಹಾರದಲ್ಲಿ ಪತ್ತೆಯಾಗಿ ಎಲ್ಲ ವಾಪಸ್ ತರಿಸಬೇಕಾಯಿತು. ಅದರಿಂದ ಕಾಯಿಲೆಯಾದದ್ದು ಸಾಬೀತಾಗಲಿಲ್ಲ, ಆದರೆ ಎರಡು ಬಗೆಯ ಧಾನ್ಯವನ್ನು ಬೇರೆ ಬೇರೆ ಇಡುತ್ತೇವೆ ಎಂಬ ಭರವಸೆ ಎಷ್ಟು ತೆಳುವಾದದ್ದು ಎಂದು ಎಲ್ಲರಿಗೂ ಕಂಡಿತು. ಹಾಗಾಗಿ ನನ್ನ ಉತ್ತರ ಇಷ್ಟು: ಈಗಿರುವುದಕ್ಕೆ ಹೆದರಬೇಡಿ, ಹೊಸದು ಬಂದಾಗ ಪರೀಕ್ಷೆಯ ಫಲಿತಾಂಶ ತೋರಿಸಿ ಎಂದು ಕೇಳುವುದನ್ನು ಬಿಡಬೇಡಿ.

ಕಳೆಗುದ್ದಲಿ:
ಒಂದು ಸಾಲು ಸೇರಿಸುತ್ತೇನೆ. ಗ್ಲೈಫೋಸೇಟ್ ಬಗ್ಗೆ 2015ರಲ್ಲಿ ಅಂತರರಾಷ್ಟ್ರೀಯ ಕ್ಯಾನ್ಸರ್ ಸಂಶೋಧನಾ ಸಂಸ್ಥೆ ಬಹುಶಃ ಕ್ಯಾನ್ಸರ್‌ಕಾರಕ ಎಂದಿತು, ಯುರೋಪ್ ಮತ್ತು ಅಮೆರಿಕದ ನಿಯಂತ್ರಣ ಸಂಸ್ಥೆಗಳು ಹಾಗಲ್ಲ ಎಂದವು. ಆ ವಾದ ಔಷಧಿಯ ಕುರಿತದ್ದು, ಜೀನಿನ ಕುರಿತದ್ದಲ್ಲ. ಹೊಡೆಯುವವನ ಮೈಗೆ ಬೀಳುವುದು ಔಷಧಿಯೇ ಆದ್ದರಿಂದ ಅವನ ಮಟ್ಟಿಗೆ ಆ ವಾದ ಸಣ್ಣದೂ ಅಲ್ಲ.

ಅಂಗಳ:
ಧನ್ಯವಾದ. ಬದನೆಯನ್ನು ತಡೆದರಲ್ಲ, ಅದು ಆರೋಗ್ಯದ ಕಾರಣಕ್ಕಾ?

ದೇಸಿಬೀಜ:
ಅದಕ್ಕೂ, ಇನ್ನೂ ಹಲವು ಕಾರಣಕ್ಕೂ. 2010ರ ಫೆಬ್ರವರಿಯಲ್ಲಿ ಆಗಿನ ಪರಿಸರ ಸಚಿವ ಜೈರಾಮ್ ರಮೇಶ್ ಬಿಟಿ ಬದನೆಗೆ ತಡೆ ಹಾಕಿದರು. ಅದಕ್ಕೂ ಮೊದಲು ಏಳು ನಗರಗಳಲ್ಲಿ ಸಾರ್ವಜನಿಕರ ಮಾತು ಕೇಳಿದ್ದರು, ಬೆಂಗಳೂರಿನಲ್ಲೂ. ನನಗೆ ಮುಖ್ಯವೆನಿಸುವ ಕಾರಣ ಬೇರೆ. ಬದನೆ ಈ ನೆಲದ ಬೆಳೆ. ಇಲ್ಲಿ ಅದರ ಸಾವಿರಾರು ತಳಿಗಳಿವೆ, ಕಾಡು ಸಂಬಂಧಿಗಳಿವೆ. ಪರಾಗ ಒಮ್ಮೆ ದಾಟಿದರೆ ವಾಪಸ್ ಕರೆಯಲು ಬರುವುದಿಲ್ಲ. ಹತ್ತಿ ಬಟ್ಟೆಗೆ ಹೋಗುತ್ತದೆ, ಬದನೆ ನೇರವಾಗಿ ತಟ್ಟೆಗೆ. ಅವಸರ ಬೇಡ ಎಂದದ್ದರಲ್ಲಿ ನನಗೆ ತಪ್ಪು ಕಾಣುವುದಿಲ್ಲ.

ಕೀಟಲೋಕ:
ಬಾಂಗ್ಲಾದೇಶ ಬೇರೆ ದಾರಿ ಹಿಡಿಯಿತು. 2013ರ ಅಕ್ಟೋಬರಿನಲ್ಲಿ ಒಪ್ಪಿಗೆ ಕೊಟ್ಟು, ಮುಂದಿನ ಜನವರಿಯಲ್ಲಿ 20 ರೈತರಿಂದ ಆರಂಭಿಸಿದರು. ಅಲ್ಲಿನ ಸರಕಾರಿ ಸಂಶೋಧನಾ ಸಂಸ್ಥೆಯ ಸಾಮಾನ್ಯ ತಳಿಗಳಲ್ಲೇ ಜೀನ್ ಇದೆ, ರೈತ ಬೀಜ ಉಳಿಸಿಕೊಳ್ಳಬಹುದು. ನೀವು ಎತ್ತಿದ ಹೈಬ್ರಿಡ್ ಆಕ್ಷೇಪಕ್ಕೆ ಅಲ್ಲೊಂದು ಉತ್ತರ ಇದೆ. ಬದನೆಯಲ್ಲಿ ಕುಡಿ ಮತ್ತು ಕಾಯಿ ಕೊರೆಯುವ ಹುಳುವಿಗೆ ಹೊಡೆಯುವ ಔಷಧಿ ಎಷ್ಟು ಎಂದು ಕಂಡವನು ನಾನು. ಔಷಧಿ ಹೊಡೆದ ಮರುದಿನವೇ ಕಾಯಿ ಕೊಯ್ಯುತ್ತಾರೆ. ತಟ್ಟೆಗೆ ಏನು ಬರುತ್ತದೆ ಎಂಬ ಲೆಕ್ಕದಲ್ಲಿ ಅದನ್ನೂ ಹಿಡಿಯಬೇಕೆಂಬುದು ನನ್ನ ಕೋರಿಕೆ. ಆದರೆ ಬದನೆಗೂ ಆಶ್ರಯ ಸಾಲು ಬೇಕು, ಅಲ್ಲಿಯೂ ಒಂದೇ ಜೀನ್. ಹತ್ತಿಯಲ್ಲಿ ಆದದ್ದು ಅಲ್ಲಿ ಆಗಬಾರದೆಂದರೆ ಈಗಲೇ ಎಚ್ಚರ ಬೇಕು.

ದೇಸಿಬೀಜ:
ಔಷಧಿಯ ಮಾತು ಒಪ್ಪುತ್ತೇನೆ. ತಳಿ ವೈವಿಧ್ಯದ ಮಾತಿನಲ್ಲಿ ನಾನು ಕದಲುವುದಿಲ್ಲ.

ಮೋಡಮುಸುಕು:
ಜೀನ್ ತಿದ್ದುವ ಹೊಸ ತಂತ್ರವೂ ಬಂದಿದೆಯಲ್ಲ, ಕ್ರಿಸ್ಪರ್. 2025ರ ಮೇ ತಿಂಗಳಲ್ಲಿ ಹಾಗೆ ತಿದ್ದಿದ ಎರಡು ಭತ್ತದ ತಳಿಗಳನ್ನು ಭಾರತ ಘೋಷಿಸಿತು. ಅವುಗಳಲ್ಲಿ ಹೊರಗಿನ ಜೀನ್ ಇಲ್ಲ, ಇರುವುದನ್ನೇ ಚೂರು ತಿದ್ದಿದ್ದು. ಅದರ ಬಗ್ಗೆ ಬೇರೆಯೇ ಚರ್ಚೆ ತೆರೆಯೋಣ, ಇಲ್ಲಿ ಸೇರಿಸಿದರೆ ಹತ್ತಿಹೊಲ ಅವರ ಪ್ರಶ್ನೆ ಕಳೆದುಹೋಗುತ್ತದೆ.

ಹತ್ತಿಹೊಲ:
ಎಲ್ಲ ಓದಿದೆ, ಕೆಲವನ್ನು ಎರಡೆರಡು ಸಲ. ಈಗ ನಾನು ಏನು ಮಾಡಬೇಕು ಹೇಳಿ. ಹುಳು ಆಗಲೇ ಎರಡೂ ಜೀನ್ ಗೆದ್ದಿದೆ ಅಂದ್ರೆ ಈಗ ಸಾಲು ಬಿಟ್ಟು ಏನು ಉಪಯೋಗ?

ಕೀಟಲೋಕ:
ಆಶ್ರಯ ಸಾಲು ಒಂದರಿಂದಲೇ ಗುಲಾಬಿ ಹುಳು ಈಗ ಬಗ್ಗುವುದಿಲ್ಲ. ಒಗ್ಗಿದ ಹುಳು ವಿರಳವಾಗಿದ್ದಾಗ ಕೆಲಸ ಮಾಡುವ ಉಪಾಯ ಅದು. ಈಗ ಹುಳುವಿನ ಸರಪಳಿಯನ್ನೇ ಕಡಿಯಬೇಕು.

ಗುಲಾಬಿ ಹುಳು ಬೆಳೆ ಮುಗಿದ ಮೇಲೆ ಉಳಿದ ಕಾಯಿಯೊಳಗೆ, ಬೀಜದೊಳಗೆ ನಿದ್ದೆ ಹೋಗಿ ಮುಂದಿನ ಹಂಗಾಮಿಗೆ ಕಾಯುತ್ತದೆ. ಆದ್ದರಿಂದ ಕಡೆಯ ಕೊಯ್ಲಿನ ಆಸೆಗೆ ಬೆಳೆಯನ್ನು ಎಳೆಯಬೇಡಿ, ಎಷ್ಟು ತಿಂಗಳು ಹೊಲದಲ್ಲಿ ಹತ್ತಿ ನಿಲ್ಲುತ್ತದೋ ಹುಳು ಅಷ್ಟು ತಲೆಮಾರು ಹೆಚ್ಚುತ್ತದೆ. ಹತ್ತಿಕಟ್ಟಿಗೆಯನ್ನು ಬದುವಿನಲ್ಲಿ ಒಟ್ಟಿಡಬೇಡಿ, ಅದೇ ಹುಳುವಿನ ಗೂಡು. ಉಳುಮೆ ಆಳವಾಗಿರಲಿ. ಹೂ ಬಿಡುವ ಹೊತ್ತಿಗೆ ಎಕರೆಗೆ ಎರಡು ಮೋಹಕ ಬಲೆ (ಹೆಣ್ಣು ಪತಂಗದ ವಾಸನೆಯಿಂದ ಗಂಡು ಪತಂಗವನ್ನು ಸೆಳೆದು ಹಿಡಿಯುವ ಬಲೆ) ಕಟ್ಟಿ. ಒಂದು ಬಲೆಗೆ ರಾತ್ರಿಗೆ 8 ಪತಂಗದಂತೆ ಮೂರು ರಾತ್ರಿ ಸತತ ಬಿದ್ದರೆ, ಅಥವಾ 20 ಎಳೆಗಾಯಿ ಒಡೆದು ನೋಡಿದಾಗ ಎರಡರಲ್ಲಿ ಹುಳು ಸಿಕ್ಕರೆ ಆಗ ಔಷಧಿಯ ಯೋಚನೆ. ಗುಲಾಬಿ ಹೂವಿನಂತೆ ಮುದುಡಿ ನಿಂತ ಹೂ ಕಂಡರೆ ಕಿತ್ತು ನಾಶ ಮಾಡಿ, ಹುಳು ಒಳಗೇ ಇರುತ್ತದೆ. ಸಿಂಥೆಟಿಕ್ ಪೈರೆಥ್ರಾಯ್ಡ್ ಎಂಬ ಬಗೆಯ ಕೀಟನಾಶಕಗಳನ್ನು ಮೊದಲ ತಿಂಗಳುಗಳಲ್ಲಿ ಹೊಡೆದರೆ ಬಿಳಿನೊಣ ಏಳುತ್ತದೆ, ಎಚ್ಚರ.

ಅಮೆರಿಕದ ಅರಿಜೋನಾದಲ್ಲಿ ಇದೇ ಹುಳುವನ್ನು ಪೂರ್ತಿ ನಿರ್ಮೂಲ ಮಾಡಿದರು. ಬಿಟಿ ಬಂದ ಮೊದಲ ಹತ್ತು ವರ್ಷ ರೈತರು ಆಶ್ರಯ ಬೆಳೆಯನ್ನು ತಪ್ಪದೆ ಬಿತ್ತಿದ್ದರಿಂದ ಹುಳು ಒಗ್ಗಲೇ ಇಲ್ಲ. 2006ರಿಂದ ಸಂತಾನಶಕ್ತಿ ಇಲ್ಲದಂತೆ ಮಾಡಿದ ಪತಂಗಗಳನ್ನು ವಿಮಾನದಿಂದ ಕೋಟಿಗಟ್ಟಲೆ ಬಿಟ್ಟರು. 2018ರಲ್ಲಿ ಅಮೆರಿಕದ ಹತ್ತಿ ಪ್ರದೇಶಗಳಲ್ಲಿ ಗುಲಾಬಿ ಹುಳು ಇಲ್ಲ ಎಂದು ಘೋಷಿಸಿದರು. ಬಿಟಿ ಒಂದೇ ಅದನ್ನು ಮಾಡಲಿಲ್ಲ, ಬಿಟಿ ಇಲ್ಲದೆಯೂ ಅದು ಆಗುತ್ತಿರಲಿಲ್ಲ.

ಇನ್ನು ಸಾಲು ಬಿಡುವುದರ ಉಪಯೋಗ. ಹಸಿರು ಕಾಯಿಕೊರಕ ಇನ್ನೂ ಬಿಟಿಗೆ ಹೆಚ್ಚಾಗಿ ಬಗ್ಗುತ್ತಿದೆ, ಅದನ್ನು ಹಾಗೇ ಉಳಿಸಿಕೊಳ್ಳಬೇಕು. ಯಾಂಗ್ಟ್ಸೆ ಕಣಿವೆಯ ಕಥೆ ನೆನಪಿಡಿ, ಹಿಂದಕ್ಕೆ ತರಬಹುದು. ಆದರೆ ಒಬ್ಬರ ಹೊಲದಿಂದ ಆಗದು, ಪತಂಗಕ್ಕೆ ಬದು ಗೊತ್ತಿಲ್ಲ. ಅಮೆರಿಕದ ಐದು ರಾಜ್ಯಗಳಲ್ಲಿ ಮೆಕ್ಕೆಜೋಳದ ಕಾಂಡಕೊರಕದ ಲೆಕ್ಕ ಹಾಕಿದಾಗ, ಹುಳು ಕಡಿಮೆಯಾದ ಲಾಭದ ಹೆಚ್ಚಿನ ಪಾಲು ಬಿಟಿ ಬಿತ್ತದವರಿಗೇ ಸಿಕ್ಕಿತ್ತು. ಸುತ್ತೆಲ್ಲ ಬಿಟಿ ಇದ್ದಾಗ ಬಿಟಿ ಇಲ್ಲದ ಸಾಲಿಗೂ ಹುಳು ಕಡಿಮೆ. ನೀವು ಹೆದರಿದಷ್ಟು ನಷ್ಟ ಆಗಲಿಕ್ಕಿಲ್ಲ.

ಹತ್ತಿಹೊಲ:
ನಿನ್ನೆ ಅಕ್ಕಪಕ್ಕದ ಆರು ಜನರ ಹತ್ರ ಮಾತಾಡಿದೆ. ಎಲ್ಲರ ಹೊಲವೂ ಒಂದಕ್ಕೊಂದು ತಾಗಿಕೊಂಡೇ ಇವೆ. ಕಟ್ಟಿಗೆ ಒಟ್ಟೋದು ಬಿಡೋಕೆ, ಒಂದೇ ವಾರದಲ್ಲಿ ಬಿತ್ತೋಕೆ, ಬಲೆ ಕಟ್ಟೋಕೆ ನಾಲ್ಕು ಜನ ಒಪ್ಪಿದ್ದಾರೆ. ಇಬ್ಬರು ನೋಡೋಣ ಅಂದ್ರು. ಸುತ್ತ ಸಾಲಿಗೆ ಬಿಟಿ ಇಲ್ಲದ ಬೀಜ ಎಲ್ಲಿ ಸಿಗ್ತದೆ ಅನ್ನೋದೇ ಈಗ ತೊಂದರೆ.

ದೇಸಿಬೀಜ:
ಬಿಟಿ ಇಲ್ಲದ ಹತ್ತಿ ತಳಿಯೊಂದನ್ನು ವರ್ಷಗಳಿಂದ ಉಳಿಸಿಕೊಂಡು ಬಂದಿದ್ದೇನೆ, ಕೊಡಬಲ್ಲೆ. ಬಿಟಿಗೆ ನೆರವಾಗಲಿ ಎಂದು ಕೊಡುತ್ತಿಲ್ಲ, ನೀವು ಮತ್ತೆ ಪಂಪು ಹೊರಬಾರದು ಎಂದು ಕೊಡುತ್ತಿದ್ದೇನೆ.

ಕೀಟಲೋಕ:
ಬಹಳ ಸಂತೋಷ. ಒಂದೇ ಎಚ್ಚರಿಕೆ, ಎರಡೂ ಒಂದೇ ಹೊತ್ತಿಗೆ ಹೂ ಬಿಡಬೇಕು. ಸುತ್ತಿನ ಸಾಲು ಮೊದಲೇ ಹೂ ಬಿಟ್ಟು ಮುಗಿಸಿದರೆ ಅಲ್ಲಿನ ಪತಂಗಗಳಿಗೂ ಬಿಟಿ ಹೊಲದ ಪತಂಗಗಳಿಗೂ ಭೇಟಿಯೇ ಆಗುವುದಿಲ್ಲ. ಆ ಸಾಲುಗಳಿಗೆ ಬಿಟಿ ಪುಡಿಯನ್ನೂ ಸಿಂಪಡಿಸಬಾರದು.

ದೇಸಿಬೀಜ:
ಬರೆದಿಟ್ಟುಕೊಂಡಿದ್ದೇನೆ. ಕಳೆದ ಮೂರು ವರ್ಷದಲ್ಲಿ ಮೊದಲ ಹೂ ಕಂಡದ್ದು ಬಿತ್ತಿದ 58, 61, 57ನೇ ದಿನ.

ಹತ್ತಿಹೊಲ:
ನಮ್ಮದು 60ರ ಆಸುಪಾಸು. ಹಾಗಾದ್ರೆ ಎರಡನ್ನೂ ಒಂದೇ ದಿನ ಬಿತ್ತುತೀನಿ.